ಎಲ್ಸ್‌ಕಂಬಿನ ಇಬ್ಬರು ಗೈಲ್ಸ್

ಎಲ್ಸ್‌ಕಂಬ್, 1555 ಮೇ 12

ಆಂಟ್‌ವರ್ಪಿನಲ್ಲಿರುವ ಹಿರಿಯ ಮಗ ಗೈಲ್ಸ್‌ಗೆ,

ನಿನ್ನ ಅಪ್ಪನ ಆಶೀರ್ವಾದ. ಕಣ್ಣಿನ ಪೊರೆ ಬಲಿತಿರುವುದರಿಂದ ಥಾಮಸಿನ್ ಕೈಯಲ್ಲಿ ಬರೆಸುತ್ತಿದ್ದೇನೆ. ನೀನು ಕಳಿಸಿದ ಬಟ್ಟೆಯ ಮಾದರಿಗಳು ತಲುಪಿದವು. ಆ ಕೆಂಪು ಇಲ್ಲಿನ ಬಣ್ಣದವರ ಕೈಗೆ ಬರುವುದಿಲ್ಲ. ಅಲ್ಲಿ ಕೇಳಿ ತಿಳಿದುಕೋ.

ಹೋದ ಮಂಗಳವಾರ ಷೆರೀಫನ ಆಳು ಬಂದಿದ್ದ. ಕ್ರಿಸ್ಮಸ್ ಸುಮಾರಿಗೆ ಅಪ್ಪಣೆ ಇಲ್ಲದೆ ಪಾರ್ಲಿಮೆಂಟು ಬಿಟ್ಟು ಬಂದ ಸದಸ್ಯರೆಲ್ಲರ ಮೇಲೆ ಮೊಕದ್ದಮೆ ಹೂಡಿದ್ದಾರಂತೆ. ನೂರು ಜನಕ್ಕೂ ಮೇಲೆ. ಅವನ ಕೈಲಿದ್ದ ಕಾಗದದಲ್ಲಿ ‘ಗೈಲ್ಸ್ ಟಕರ್, ಎಲ್ಸ್‌ಕಂಬಿನ ಸದಸ್ಯ, ಬಾರ್ತಲೊಮ್ಯೂ ಟಕರನ ಮಗ’ ಎಂದಿತ್ತು. ನಿನ್ನ ತಮ್ಮ ಅವನ ಜೊತೆ ಲಂಡನ್ನಿಗೆ ಹೋಗಿದ್ದಾನೆ.

ನಾವು ಯಾರೂ ಸುಳ್ಳು ಹೇಳಲಿಲ್ಲ. ಗೈಲ್ಸ್ ಟಕರ್ ಬೇಕೆಂದರು, ಗೈಲ್ಸ್ ಟಕರ್ ಹೋದ. ದಂಡ ಹಾಕಿ ಬಿಟ್ಟುಬಿಡುತ್ತಾರೆ. ಬೇಸಿಗೆ ಮುಗಿಯುವುದರೊಳಗೆ ಮನೆಯಲ್ಲಿರುತ್ತಾನೆ.

ನೀನು ಅಲ್ಲೇ ಇರು.

ನಿನ್ನ ಅಪ್ಪ,
ಬಾರ್ತಲೊಮ್ಯೂ ಟಕರ್

ಅದೇ ದಿನ, ಅದೇ ಕಟ್ಟಿನೊಳಗೆ

ಅಣ್ಣನಿಗೆ,

ಅಪ್ಪ ಹೇಳಿಸಿದ್ದನ್ನು ಹೇಳಿಸಿದ ಹಾಗೇ ಬರೆದಿದ್ದೇನೆ. ಅದರಲ್ಲಿ ಇಲ್ಲದ್ದನ್ನು ಈ ಹಾಳೆಯಲ್ಲಿ ಬರೆಯುತ್ತಿದ್ದೇನೆ. ಅಪ್ಪನಿಗೆ ಗೊತ್ತಿಲ್ಲ.

ಷೆರೀಫನ ಆಳು ನಮ್ಮ ಕಡೆಯವನಲ್ಲ. ಸಂತೆಬೀದಿಯಲ್ಲಿ ನಿಂತು ಗೈಲ್ಸ್ ಟಕರ್ ಯಾರೆಂದು ವಿಚಾರಿಸಿದ. ಗಿರಣಿಯ ಆಳುಗಳು ನಕ್ಕರು. “ಯಾವ ಗೈಲ್ಸಪ್ಪಾ? ಕುಂಟ ಗೈಲ್ಸೋ, ಬೋಳು ಗೈಲ್ಸೋ? ಇಲ್ಲಿ ಒಂದು ಕಲ್ಲೆಸೆದ್ರೆ ಒಬ್ಬ ಗೈಲ್ಸ್‌ಗೆ ತಾಗ್ತದೆ” ಅಂದರಂತೆ. ಆದರೆ ನಮ್ಮ ಮನೆಯಲ್ಲೇ ಇಬ್ಬರು ಗೈಲ್ಸ್ ಇದ್ದಾರೆಂದು ಮಾತ್ರ ಯಾರೂ ಬಾಯಿ ಬಿಡಲಿಲ್ಲ.

ಅವನು ಬಾಗಿಲಿಗೆ ಬಂದಾಗ ನಾವೆಲ್ಲ ಊಟಕ್ಕೆ ಕೂತಿದ್ದೆವು. ಅವನು ಕಾಗದ ಓದಿದ. ಚಿಕ್ಕಣ್ಣ ಬಾಯಲ್ಲಿದ್ದ ರೊಟ್ಟಿ ಅಗಿಯುವುದನ್ನು ನಿಲ್ಲಿಸಿ ಅಪ್ಪನನ್ನು ನೋಡಿದ. ನಾನು ಅಪ್ಪನ ಕೈ ನೋಡುತ್ತಿದ್ದೆ. ಅದು ಮೇಜಿನ ಮೇಲೆ ಅಲುಗಾಡದೆ ಇತ್ತು. ಬಹಳ ಹೊತ್ತಲ್ಲ, ಮೂರು ಉಸಿರಿನಷ್ಟು.

“ಗೈಲ್ಸ್, ಬೂಟು ಹಾಕ್ಕೊ ಮಗನೇ” ಅಂದರು ಅಪ್ಪ.

ಅಣ್ಣಾ, ಚಿಕ್ಕಣ್ಣನನ್ನು ಅಪ್ಪ ಯಾವತ್ತಾದರೂ ಆ ಹೆಸರಿನಿಂದ ಕರೆದದ್ದು ನಿನಗೆ ನೆನಪಿದೆಯೇ? ಇಪ್ಪತ್ತಾರು ವರ್ಷ ಅವನು ಚಿಕ್ಕನೇ. ಅವನಿಗೂ ಅರ್ಥವಾಗಲು ಒಂದು ಗಳಿಗೆ ಬೇಕಾಯಿತು. ಆಮೇಲೆ ಎದ್ದು ಬೂಟು ಹುಡುಕಿದ.

ಗಂಡ ಹೋದ ಮೇಲೆ ಸಿಬಿಲ್ ಅತ್ತಿಗೆ ನನ್ನನ್ನು ಹಿಡಿದುಕೊಂಡು ಕೇಳಿದಳು, ಎರಡನೇ ಮಗುವಿಗೂ ಅದೇ ಹೆಸರಿಡುವಾಗ ನಿಮ್ಮ ಮನೆಯವರೆಲ್ಲ ಎಲ್ಲಿ ಹೋಗಿದ್ದರು ಎಂದು. ಅಮ್ಮ ಹೇಳುತ್ತಿದ್ದದ್ದನ್ನು ಹೇಳಿದೆ. ನಮ್ಮ ಜಮೀನ್ದಾರರು, ಸರ್ ಗೈಲ್ಸ್, ಊರಿನ ಅರ್ಧ ಮಕ್ಕಳಿಗೆ ಧರ್ಮಪಿತ. ದೀಕ್ಷಾಸ್ನಾನದಲ್ಲಿ ಮಗುವನ್ನು ನೀರಿನ ಮೇಲೆ ಹಿಡಿದವರು ಯಾವ ಹೆಸರು ಹೇಳುತ್ತಾರೋ ಅದೇ ಹೆಸರು. ಎರಡನೆಯವನಿಗೆ ಮಾರ್ಟಿನ್ ಎಂದು ಮೊದಲೇ ಮಾತಾಗಿತ್ತು. ಅಷ್ಟರಲ್ಲಿ ಸರ್ ಗೈಲ್ಸ್‌ಗೆ ಮರೆವು ಶುರುವಾಗಿತ್ತು. ಮೂರು ವರ್ಷದ ಹಿಂದೆ ಇದೇ ಮನೆಯ ಮಗುವನ್ನು ಹಿಡಿದದ್ದು ನೆನಪಿರಲಿಲ್ಲ. ತಮ್ಮದೇ ಹೆಸರು ಹೇಳಿದರು. ಪಾದ್ರಿ ಅಪ್ಪನ ಮುಖ ನೋಡಿದ. ಅಪ್ಪ ನೆಲ ನೋಡಿದರು. ನೀರು ಸುರಿದಾಯಿತು.

“ಹಾಗಾದ್ರೆ ನಿಮ್ಮ ಅಪ್ಪನಿಗೆ ಸುಮ್ಮನಿರೋದು ಅವತ್ತಿನಿಂದ್ಲೇ ಅಭ್ಯಾಸ” ಅಂದಳು ಅತ್ತಿಗೆ. ಮಾವನವರು ಎನ್ನುವ ಬದಲು ನಿಮ್ಮ ಅಪ್ಪ ಅಂದದ್ದು ಅವಳಿಗೇ ಗೊತ್ತಾಗಲಿಲ್ಲ. ನಾನೂ ತಿದ್ದಲಿಲ್ಲ.

ನಿನ್ನ ತಂಗಿ,
ಥಾಮಸಿನ್

ಆಂಟ್‌ವರ್ಪ್, 1555 ಜೂನ್ 5

ಅಪ್ಪನಿಗೆ,

ದಿನವೂ ನಿಮ್ಮ ಆಶೀರ್ವಾದ ಬೇಡುವ ಮಗ ಮಾಡುವ ವಂದನೆ.

ಕಾಗದ ಕೈಸೇರಿ ನಾಲ್ಕು ದಿನವಾಯಿತು. ಮೂರು ಸಲ ಉತ್ತರ ಬರೆಯಲು ಕೂತು ಎದ್ದೆ.

ಪಾರ್ಲಿಮೆಂಟು ಬಿಟ್ಟ ದಿನ ನಡೆದದ್ದನ್ನು ನಾನು ಮನೆಯಲ್ಲಿ ಸರಿಯಾಗಿ ಹೇಳಿರಲಿಲ್ಲ. ಊರಿನವರು ನನ್ನನ್ನು ಆರಿಸಿದ್ದು ಧೈರ್ಯಶಾಲಿಯೆಂದಲ್ಲ. ಚಳಿಗಾಲದಲ್ಲಿ ಲಂಡನ್ನಿನವರೆಗೆ ಕುದುರೆಯ ಮೇಲೆ ಹೋಗಲು ಬೇರೆ ಯಾರೂ ಒಪ್ಪಲಿಲ್ಲವೆಂದು. ಅಲ್ಲಿ ವಾರಗಟ್ಟಲೆ ಹಿಂದಿನ ಬೆಂಚಿನಲ್ಲಿ ಬಾಯಿ ಬಿಡದೆ ಕೂತಿದ್ದೆ. ಪಕ್ಕದಲ್ಲಿ ಕೂರುತ್ತಿದ್ದವನಿಗೂ ನನ್ನ ಹೆಸರು ತಿಳಿಯದು. ದೇಶವನ್ನು ಮತ್ತೆ ಪೋಪನ ಕೈಗೆ ಒಪ್ಪಿಸುವ ಮಸೂದೆಯ ಮೇಲೆ ಮಾತು ಶುರುವಾಯಿತು. ಹೂಂ ಎನ್ನಲು ನಾಲಿಗೆ ಏಳಲಿಲ್ಲ. ಉಹೂಂ ಎನ್ನಲೂ ಆಗಲಿಲ್ಲ. ಬಾಗಿಲ ಹತ್ತಿರದಿಂದ ನಾಲ್ಕು ಜನ ಎದ್ದು ಹೋದರು. ಅವರ ಹಿಂದೆ ನಾನೂ ಎದ್ದೆ, ಪೂಜೆಯ ನಡುವೆ ಕೆಮ್ಮು ಬಂದವನು ಹೊರಗೆ ಹೋಗುವ ಹಾಗೆ. ನನ್ನ ಧೈರ್ಯವೆಲ್ಲ ಅಷ್ಟೇ.

ಅದಕ್ಕಾಗಿ ಚಿಕ್ಕ ಸೆರೆಯಲ್ಲಿರುವುದು ನ್ಯಾಯವಲ್ಲ. ಚಳಿಗಾಲ ಪೂರ್ತಿ ಅವನು ಬಟ್ಟೆ ತುಳಿಯುವ ಗಿರಣಿ ಬಿಟ್ಟು ಕದಲಿಲ್ಲ. ಇಡೀ ಊರಿಗೆ ಗೊತ್ತು.

ನೀವು ಬಾ ಎಂದರೆ ಮುಂದಿನ ಹಡಗಿಗೇ ಹೊರಡುತ್ತೇನೆ. ನಿಮ್ಮ ಅಪ್ಪಣೆಗೆ ಕಾಯುತ್ತಿದ್ದೇನೆ.

ವಿಧೇಯ ಮಗ,
ಗೈಲ್ಸ್

ಎಲ್ಸ್‌ಕಂಬ್, 1555 ಜೂನ್ 27

ಗೈಲ್ಸ್‌ಗೆ,

ನೀನು ಅಪ್ಪಣೆ ಕೇಳಿದ್ದೀಯ. ಕೊಡುವುದಿಲ್ಲ.

ನಿನ್ನ ಪೆಟ್ಟಿಗೆಯ ತಳದಲ್ಲಿದ್ದ ಇಂಗ್ಲಿಷ್ ಸುವಾರ್ತೆಯನ್ನು ಒಲೆಗೆ ಹಾಕಿದ್ದೇನೆ. ಹಾಳೆಯಂಚಿನಲ್ಲೆಲ್ಲ ನಿನ್ನ ಅಕ್ಷರವಿತ್ತೆಂದು ಥಾಮಸಿನ್ ಹೇಳಿದಳು. ಫೆಬ್ರವರಿಯಿಂದ ಪೋಪನನ್ನು ಒಪ್ಪದವರನ್ನು ಸುಡುತ್ತಿದ್ದಾರೆಂದು ನಿನಗೂ ಅಲ್ಲಿ ಸುದ್ದಿ ಬಂದಿರಬೇಕು. ಬರೀ ಎದ್ದು ಹೋದವನಿಗೆ ದಂಡ ಹಾಕುತ್ತಾರೆ. ಆದರೆ ದಂಡ ಹಾಕುವ ಮೊದಲು ಯಾಕೆ ಹೋದೆ, ಪೂಜೆಯಲ್ಲಿ ನಂಬಿಕೆ ಇದೆಯೇ ಎಂದು ಕೇಳುತ್ತಾರೆ. ನಿನ್ನ ತಮ್ಮ ಯಾವ ಪ್ರಶ್ನೆಗೂ ಬಿಷಪ್ಪನೇ ಮೆಚ್ಚುವಂಥ ಉತ್ತರ ಕೊಡುತ್ತಾನೆ, ಏಕೆಂದರೆ ಅದರ ಬಗ್ಗೆ ಅವನು ಯೋಚಿಸಿಯೇ ಇಲ್ಲ. ನೀನು ಯೋಚಿಸುತ್ತೀಯ. ಯೋಚಿಸುವುದು ಮುಖದಲ್ಲಿ ಕಾಣುತ್ತದೆ.

ಅವನಾದರೆ ದಂಡ. ನೀನಾದರೆ ಬೆಂಕಿ. ಇಬ್ಬರು ಮಕ್ಕಳ ತಂದೆ ಹೀಗೆ ತೂಗಬಾರದು ಎಂದು ನೀನು ಅನ್ನಬಹುದು. ಅನ್ನು. ಅಲ್ಲಿಂದಲೇ ಅನ್ನು.

ನಿನ್ನ ಅಪ್ಪ,
ಬಾರ್ತಲೊಮ್ಯೂ ಟಕರ್

ಎಲ್ಸ್‌ಕಂಬ್, 1555 ಜುಲೈ 24

ಅಣ್ಣನಿಗೆ,

ನಾನು ಲಂಡನ್ನಿಗೆ ಹೋಗಿ ಬಂದೆ. ಸಿಬಿಲ್ ಅತ್ತಿಗೆ ಒಬ್ಬಳೇ ಹೊರಟಿದ್ದಳು. ಬಟ್ಟೆ ಸಾಗಿಸುವವರ ಗಾಡಿಯ ಜೊತೆ ಇಬ್ಬರು ಹೆಂಗಸರಾದರೆ ಮೇಲು ಎಂದು ಅಪ್ಪ ನನ್ನನ್ನೂ ಕಳಿಸಿದರು. ದಾರಿಯುದ್ದಕ್ಕೂ ಅತ್ತಿಗೆ ಮಾತಾಡಲಿಲ್ಲ, ನಾನಂತೂ ಮೊದಲೇ ಆಡುವವಳಲ್ಲ. ಗಾಡಿಯವನು ನಮ್ಮನ್ನು ಮೂಗಿಯರೆಂದುಕೊಂಡು ತನ್ನ ಎರಡನೇ ಮದುವೆಯ ಕಥೆಯನ್ನೆಲ್ಲ ಎದುರಿಗೇ ಹೇಳಿಕೊಂಡ.

ಚಿಕ್ಕಣ್ಣನನ್ನು ಇಟ್ಟಿರುವುದು ನದಿಯಾಚೆಯ ಸೆರೆಮನೆಯಲ್ಲಿ. ಬಾಗಿಲು ಕಾಯುವವನು ನಮ್ಮ ಹೆಸರು ಕೇಳಿ ನಕ್ಕ. ಅಲ್ಲಿಯವರಿಗೆ ಟಕರ್ ಎಂದರೇನೆಂದೇ ತಿಳಿಯದು. ಬಟ್ಟೆ ತುಳಿದು ಗಟ್ಟಿ ಮಾಡುವವರು, ನಮ್ಮಜ್ಜ ಅದೇ ಕೆಲಸ ಮಾಡುತ್ತಿದ್ದರು ಎಂದು ಅತ್ತಿಗೆ ಹೇಳಿದಳು. “ಬಟ್ಟೆ ತುಳಿಯೋರೆಲ್ಲ ಪಾರ್ಲಿಮೆಂಟಿಗೆ ಬಂದ್ರೆ ಇನ್ನೇನಾಗತ್ತೆ, ತುಳೀದೆ ಬಿಡ್ತಾರಾ” ಅಂದ ಅವನು. ಅತ್ತಿಗೆ ಅವನ ಕೈಗೆ ಒಂದು ಗಿಣ್ಣಿನ ಉಂಡೆ ಕೊಟ್ಟಳು. ಬಾಗಿಲು ತೆರೆಯಿತು.

ಚಿಕ್ಕಣ್ಣ ಸಣ್ಣಗಾಗಿದ್ದಾನೆ. ಗಡ್ಡ ಬಿಟ್ಟಿದ್ದಾನೆ, ನಿನ್ನ ಹಾಗೇ ಕಾಣುತ್ತಾನೆ. ಅತ್ತಿಗೆ ಅವನ ಅಂಗಿಯ ಹೊಲಿಗೆಗಳಲ್ಲಿ ಹೇನು ಹುಡುಕುತ್ತ ಕೂತಳು. ಅವನು ನಗುನಗುತ್ತಲೇ ಮಾತಾಡಿದ. ಇಲ್ಲಿ ಎಲ್ಲರೂ ತನ್ನನ್ನು ಸದಸ್ಯರೇ ಎಂದು ಕರೆಯುತ್ತಾರೆ, ಇಲಿಯೊಂದಕ್ಕೆ ಸ್ಪೀಕರ್ ಎಂದು ಹೆಸರಿಟ್ಟಿದ್ದೇವೆ ಎಂದ. ಅವನ ಕೋಣೆಯಲ್ಲಿ ಎಸೆಕ್ಸ್ ಕಡೆಯ ಮುದುಕ ನೇಕಾರನೊಬ್ಬನಿದ್ದಾನೆ. ಪೂಜೆಯ ವಿಷಯದಲ್ಲಿ ಪಾದ್ರಿಗೆ ಎದುರಾಡಿ ಬಂದವನು. ಪುಸ್ತಕ ಕಿತ್ತುಕೊಂಡಿದ್ದಾರೆ, ಆದರೆ ಸುವಾರ್ತೆ ಅವನಿಗೆ ಬಾಯಿಪಾಠ. ನಾವಿದ್ದಷ್ಟು ಹೊತ್ತೂ ಗೋಡೆಯ ಕಡೆ ತಿರುಗಿ ಪಿಸುಗುಡುತ್ತಿದ್ದ. ನಗುತ್ತಿದ್ದಾಗಲೂ ಚಿಕ್ಕಣ್ಣನ ಒಂದು ಕಿವಿ ಆ ಕಡೆಗೇ ಇತ್ತು. ಅಪ್ಪನಿಗೆ ಇದನ್ನು ಹೇಳಿಲ್ಲ.

ವಿಚಾರಣೆ ಅಕ್ಟೋಬರಿನಲ್ಲಂತೆ. ಚಿಕ್ಕಣ್ಣ ಪಾರ್ಲಿಮೆಂಟಿನ ಸಭೆಯ ಬಗ್ಗೆ ಸೆರೆಯಲ್ಲಿರುವ ಬೇರೆ ಸದಸ್ಯರಿಂದ ಕೇಳಿ ಕೇಳಿ ಎಲ್ಲವನ್ನೂ ಕಲಿತಿದ್ದಾನೆ. ಬೆಂಚುಗಳು ಹೇಗಿವೆ, ಬಾಗಿಲು ಯಾವ ಕಡೆ, ಆ ವಾರ ಎಷ್ಟು ಚಳಿಯಿತ್ತು. ಹೊರಡುವಾಗ ನನ್ನ ತೋಳು ಹಿಡಿದು ಪಕ್ಕಕ್ಕೆ ಕರೆದ. ಆಗ ನಗುತ್ತಿರಲಿಲ್ಲ.

“ಮಿಕ್ಕಿದ್ದೆಲ್ಲ ಗೊತ್ತಾಯ್ತು ಕಣೇ. ಒಂದು ಮಾತ್ರ ಯಾರಿಗೂ ಗೊತ್ತಿಲ್ಲ. ಅಣ್ಣನ್ನ ಕೇಳು, ನಾನು ಯಾಕೆ ಎದ್ದು ಹೋದೆ ಅಂತ.”

ನೀನು ಜೂನಿನಲ್ಲಿ ಅಪ್ಪನಿಗೆ ಬರೆದದ್ದನ್ನು ಓದಿ ಹೇಳಿದವಳು ನಾನೇ. ಆದ್ದರಿಂದ ಉತ್ತರ ನನಗೆ ಗೊತ್ತಿತ್ತು. ಹೇಳಲಿಲ್ಲ. ಅದು ನಿನ್ನ ಮಾತು, ನೀನೇ ಅವನಿಗೆ ಹೇಳಬೇಕು.

ಬಾ ಎಂದು ನಾನು ಬರೆಯುತ್ತಿಲ್ಲ. ಬರಬೇಡ ಎಂದೂ ಬರೆಯುತ್ತಿಲ್ಲ.

ನಿನ್ನ ತಂಗಿ,
ಥಾಮಸಿನ್

ಆಂಟ್‌ವರ್ಪ್, 1555 ಆಗಸ್ಟ್ 16

ತಂಗಿಗೆ,

ನಿನ್ನ ಕಾಗದ ಎಷ್ಟು ಸಲ ಓದಿದೆನೋ. ಅಂಗಿಯ ಹೊಲಿಗೆಯ ವಿಷಯ ಬರೆಯದಿದ್ದರೆ ಚೆನ್ನಾಗಿತ್ತು.

ಚಿಕ್ಕನಿಗೆ ಹೀಗೆ ತಿಳಿಸು. ಅಪ್ಪನಿಗೆ ಎದೆನೋವು ಬಂದು ಹಾಸಿಗೆ ಹಿಡಿದಿದ್ದಾರೆಂದು ಊರಿಂದ ಸುದ್ದಿ ಬಂತು, ಅಪ್ಪಣೆ ಕೇಳಲು ಪುರುಸೊತ್ತಿರಲಿಲ್ಲ, ಅದಕ್ಕೇ ಹೋದೆ. ಇಷ್ಟೇ ಹೇಳಲಿ. ಒಂದು ಮಾತೂ ಹೆಚ್ಚಿಗೆ ಬೇಡ. ಅಪ್ಪ ಪ್ರಮಾಣ ಮಾಡಬೇಕಾಗಿ ಬಂದರೆ ಮಾಡುತ್ತಾರೆ. ಅವರಿಗೆ ಬೇರೆಯಾಗಿ ಬರೆದಿದ್ದೇನೆ.

ನೀನು ಹೇಳಬಾರದೆಂದು ಬಿಟ್ಟ ಉತ್ತರವನ್ನು ಅಲ್ಲಿ ಹೇಳಿದರೆ ಅದಕ್ಕೆ ಮುಂದಿನ ಪ್ರಶ್ನೆ ಬರುತ್ತದೆ. ಅದರ ಮುಂದೆ ಇನ್ನೊಂದು. ಅವನು ಅವಕ್ಕೆ ಸಿದ್ಧನಿಲ್ಲ. ನಾನೂ ಇರಲಿಲ್ಲ.

ಇಲ್ಲಿ ಹಡಗುಕಟ್ಟೆಯ ಹತ್ತಿರವೇ ನನ್ನ ಕೋಣೆ. ನಮ್ಮೂರ ಕಡೆ ಹೋಗುವ ಹಡಗುಗಳ ಹೆಸರೆಲ್ಲ ಈಗ ನನಗೆ ಗೊತ್ತು. ಈ ತಿಂಗಳು ಎರಡು ಹೋದವು.

ನಿನ್ನ ಅಣ್ಣ,
ಗೈಲ್ಸ್

ಎಲ್ಸ್‌ಕಂಬ್, 1555 ಅಕ್ಟೋಬರ್ 6

ಅಣ್ಣನಿಗೆ,

ಅವಸರದಲ್ಲಿ ಬರೆಯುತ್ತಿದ್ದೇನೆ, ಗಾಡಿಯವನು ಬಾಗಿಲಲ್ಲಿ ನಿಂತಿದ್ದಾನೆ.

ನಿನ್ನ ಉತ್ತರವನ್ನು ಚಿಕ್ಕಣ್ಣನಿಗೆ ಬರೆದು ಕಳಿಸಿದೆ. ತಲುಪಿತು ಎಂದಷ್ಟೇ ಹೇಳಿ ಕಳಿಸಿದ. ಸೆಪ್ಟೆಂಬರಿನಲ್ಲಿ ಅವನಿಗೆ ಸೆರೆಜ್ವರ ಬಂದಿತ್ತು. ಹದಿನೇಳು ದಿನ. ಉಳಿದುಕೊಂಡ. ಎಡಗಿವಿ ಹೋಗಿದೆ. ಆ ದಿನಗಳಲ್ಲಿ ಅವನ ಬಾಯಿಗೆ ನೀರು ಬಿಟ್ಟವನು ಆ ನೇಕಾರನಂತೆ. ಚಿಕ್ಕಣ್ಣ ಎದ್ದು ಕೂತ ವಾರವೇ ನೇಕಾರನನ್ನು ಕೊನೆಯ ವಿಚಾರಣೆಗೆ ಕರೆದೊಯ್ದರು. ಮುದುಕ ಸೆರೆಮನೆಗೆ ತಿರುಗಿ ಬರಲಿಲ್ಲ. ಎಸೆಕ್ಸಿನಲ್ಲಿ ಅವನ ಊರಿನ ಸಂತೆಮಾಳದಲ್ಲೇ ಸುಟ್ಟರಂತೆ.

ಅಪ್ಪ ಈಚೆಗೆ ಗಿರಣಿಗೆ ಹೋಗಿ ಕೂರುತ್ತಾರೆ. ಕಣ್ಣು ಕಾಣದವರಿಗೆ ಅಲ್ಲಿ ಏನು ಕೆಲಸವೆಂದು ಯಾರೂ ಕೇಳುವುದಿಲ್ಲ. ಅದು ಚಿಕ್ಕಣ್ಣ ಕೂರುತ್ತಿದ್ದ ಜಾಗ.

ಥಾಮಸಿನ್

ಎಲ್ಸ್‌ಕಂಬ್, 1555 ನವೆಂಬರ್ 14

ಅಣ್ಣನಿಗೆ,

ಇದು ನಿನ್ನ ತಮ್ಮನ ಅಕ್ಷರ. ಕೋಳಿ ಕೆದರಿದ ಹಾಗಿದೆ ಎಂದು ಮೇಷ್ಟ್ರು ಬೈಯುತ್ತಿದ್ದದ್ದು ನಿನಗೆ ಗೊತ್ತು. ತಂಗಿ ಬರೆದುಕೊಡುತ್ತೇನೆ ಎಂದಳು. ಬೇಡ ಅಂದೆ.

ಹತ್ತು ದಿನದ ಹಿಂದೆ ಮನೆಗೆ ಬಂದೆ. ಬಿಟ್ಟಿಲ್ಲ, ಜಾಮೀನಿನ ಮೇಲೆ ಕಳಿಸಿದ್ದಾರೆ. ಯಾಕೆಂದು ಹೇಳುತ್ತೇನೆ.

ವಿಚಾರಣೆಯ ದಿನ ನಮ್ಮನ್ನು ಸಾಲಾಗಿ ನಿಲ್ಲಿಸಿದರು. ನನಗಿಂತ ಮುಂದಿದ್ದವರು ಒಬ್ಬೊಬ್ಬರಾಗಿ ಹೇಳಿದರು. ಹೆಂಡತಿಗೆ ಹೆರಿಗೆ. ಕಾಲಿಗೆ ಪೆಟ್ಟು. ಮನೆಗೆ ಬೆಂಕಿ ಬಿತ್ತು. ದಂಡ ಕಟ್ಟು, ಮುಂದೆ ಹೋಗು. ನೀನು ಕಳಿಸಿದ ಮಾತು ನನ್ನ ನಾಲಿಗೆಯ ತುದಿಯಲ್ಲೇ ಇತ್ತು. ಅಪ್ಪನ ಎದೆನೋವು. ಒಳ್ಳೆಯ ಮಾತದು, ಅದನ್ನು ಹೇಳಿದ್ದರೆ ಅವತ್ತೇ ಸಿಬಿಲ್ ಜೊತೆ ಗಾಡಿ ಹತ್ತುತ್ತಿದ್ದೆ. ಅವಳು ಗುಂಪಿನ ಹಿಂದೆ ನಿಂತಿದ್ದಳು.

ವಕೀಲ ನನ್ನ ಹೆಸರು ಕೂಗಿದ. ಯಾಕೆ ಹೋದೆ ಎಂದು ಕೇಳಿದ. ಕೇಳಿಸುವ ಕಿವಿ ಅವನ ಕಡೆ ಇರಲಿಲ್ಲ, ಆದ್ದರಿಂದ ತಿರುಗಿ ನಿಲ್ಲಬೇಕಾಯಿತು. ತಿರುಗುವಷ್ಟರಲ್ಲಿ ನನಗೆ ಆ ನೇಕಾರ ನೆನಪಾದ. ಅವನಿಂದ ಅವರು ಕೇಳಿದ್ದು ಒಂದೇ ಮಾತು. ಹೂಂ ಅನ್ನು, ಮನೆಗೆ ಹೋಗು. ಅವನ ಹೆಂಡತಿಯೂ ಅಲ್ಲಿ ಎಲ್ಲೋ ನಿಂತಿದ್ದಿರಬೇಕು.

“ಹೂಂ ಅನ್ನಕ್ಕಾಗ್ಲಿಲ್ಲ ಸ್ವಾಮಿ, ಅದಕ್ಕೇ ಹೋದೆ” ಅಂದೆ.

ಸಾಲಿನಲ್ಲಿ ಯಾರೋ ಉಸಿರೆಳೆದುಕೊಂಡರು. ವಕೀಲ ಬರೆಯುವುದನ್ನು ನಿಲ್ಲಿಸಿ ಮೊದಲ ಸಲ ನನ್ನ ಮುಖ ನೋಡಿದ. ಯಾಕೆ ಆಗಲಿಲ್ಲ ಎಂದು ಕೇಳುವುದು ತನ್ನ ಕೆಲಸವಲ್ಲ, ಬಿಷಪ್ಪನ ಕಡೆಯವರದು ಎಂದ. ಜನವರಿ ಇಪ್ಪತ್ತಮೂರಕ್ಕೆ ಅವರ ಮುಂದೆ ಹಾಜರಾಗಬೇಕು.

ಅಪ್ಪನಿಗೆ ಹೇಳಿದೆ. “ನಿನ್ನ ಕೈಲಿ ಇದು ಆಗತ್ತೆ ಅಂತ ನಾನು ಅಂದುಕೊಂಡಿರಲಿಲ್ಲ” ಅಂದರು. ಬೈದದ್ದೋ ಹೊಗಳಿದ್ದೋ ತಿಳಿಯಲಿಲ್ಲ. ನನ್ನ ಮುಖ ಮುಟ್ಟಿ ನೋಡಿದರು. ನಾನು ಅಳಲಿಲ್ಲ. ಸಿಬಿಲ್ ಮಾತ್ರ ನನ್ನೊಡನೆ ಮಾತು ಬಿಟ್ಟಿದ್ದಾಳೆ. ಸೆರೆಗೆ ಹೋದದ್ದಕ್ಕಲ್ಲ, ಬರಬಹುದಾಗಿದ್ದಾಗ ಬರದೇ ಹೋದದ್ದಕ್ಕೆ.

ನಿನಗೆ ಬರೆಯುತ್ತಿರುವುದು ಒಂದೇ ಕಾರಣಕ್ಕೆ. ಇದನ್ನು ಓದಿದ ಕೂಡಲೇ ನೀನು ಹೊರಡುತ್ತೀಯ ಎಂದು ಥಾಮಸಿನ್ ಹೇಳುತ್ತಾಳೆ. ಬರಬೇಡ. ಮೇ ತಿಂಗಳಲ್ಲಿ ನೀನು ಬಂದಿದ್ದರೆ ನಿನ್ನ ಕಾಲಿಗೆ ಬೀಳುತ್ತಿದ್ದೆ. ಈಗ ನೀನು ಬಂದು ನಾನೇ ಆ ಗೈಲ್ಸ್ ಎಂದರೆ, ನಾನು ಅಲ್ಲಿ ಹೇಳಿದ್ದು ಸುಳ್ಳಾಗುತ್ತದೆ. ನನ್ನನ್ನು ಮಂಕು ಎಂದು ಬಿಟ್ಟುಬಿಡುತ್ತಾರೆ. ಹುಟ್ಟಿದಾಗಿನಿಂದ ನಿನ್ನ ಹಳೆಯ ಬಟ್ಟೆ, ನಿನ್ನ ಹಳೆಯ ಬೂಟು, ನಿನ್ನ ಹೆಸರು ಹಾಕಿಕೊಂಡು ಬೆಳೆದವನು ನಾನು. ಬೇಸರದಿಂದ ಹೇಳುತ್ತಿಲ್ಲ. ಆದರೆ ಆ ಮಾತು ನಿನ್ನದಲ್ಲ.

ನಿನ್ನ ತಮ್ಮ,
ಗೈಲ್ಸ್ ಟಕರ್

ಆಂಟ್‌ವರ್ಪ್, 1555 ಡಿಸೆಂಬರ್ 19

ಅಪ್ಪನಿಗೆ,

ಥಾಮಸಿನ್ ಇದನ್ನು ನಿಮಗೆ ಓದಿ ಹೇಳುತ್ತಾಳೆ. ತಂಗೀ, ನಿಧಾನವಾಗಿ ಓದು, ನಡುವೆ ನಿಲ್ಲಿಸಬೇಡ.

ತಮ್ಮನ ಕಾಗದ ಬಂದು ಎರಡು ವಾರವಾಯಿತು. ಅವನು ವಕೀಲನಿಗೆ ಕೊಟ್ಟ ಉತ್ತರವನ್ನು ಓದಿದಾಗ ನಾನು ಅಂಗಡಿಯಲ್ಲಿದ್ದೆ, ಎದುರಿಗೆ ಗಿರಾಕಿ ನಿಂತಿದ್ದ. ನೀವು ಅವನಿಗೆ ಹೇಳಿರಲಿಲ್ಲ, ತಂಗಿಯೂ ಹೇಳಿರಲಿಲ್ಲ, ನಾನು ಹೇಳಿಕೊಟ್ಟಿದ್ದು ಬೇರೆಯೇ. ಆದರೂ ನನ್ನ ಬಾಯಿಂದ ಬರಬೇಕಾಗಿದ್ದ ಮಾತು ಅವನ ಬಾಯಿಂದ ಬಂತು. ಗಿರಾಕಿ ಎರಡು ಸಲ ಕರೆದನಂತೆ.

ನೀವು ಎರಡು ಸಲ ಬರಬೇಡ ಎಂದಿರಿ. ಎರಡು ಸಲವೂ ನನಗೆ ದುಃಖವಾಯಿತು ಎಂದುಕೊಂಡಿದ್ದೆ. ನಿಜ ಹೇಳುತ್ತೇನೆ, ಕಾಗದ ಮಡಿಚಿಟ್ಟ ಮೇಲೆ ಹೊಟ್ಟೆ ತುಂಬ ಉಂಡೆ. ನಾನು ಅಪ್ಪಣೆ ಕೇಳಿದ್ದೇ ನಿಮ್ಮಿಂದ ‘ಬರಬೇಡ’ ಎನ್ನಿಸಿಕೊಳ್ಳಲು. ಈಗ ಮೂರನೆಯ ಸಲ ತಮ್ಮನೂ ಬರಬೇಡ ಎಂದಿದ್ದಾನೆ. ಅವನ ಮಾತಿನಲ್ಲಿ ನ್ಯಾಯವಿದೆ. ಅವನನ್ನು ಬಿಡಿಸುವ ಹಕ್ಕು ನನಗೆ ಉಳಿದಿಲ್ಲ. ಅವನು ಸುಳ್ಳು ಹೇಳಿದನೆಂದು ನಾನು ಯಾರ ಮುಂದೆಯೂ ಹೇಳುವುದಿಲ್ಲ.

ಆದರೆ ಜನವರಿ ಇಪ್ಪತ್ತಮೂರಕ್ಕೆ ಅವರು ಗೈಲ್ಸ್ ಟಕರ್ ಎಂದು ಕೂಗಿದಾಗ ಅಲ್ಲಿ ಇಬ್ಬರು ಎದ್ದು ನಿಲ್ಲುತ್ತಾರೆ. ಯಾಕೆ ಆಗಲಿಲ್ಲ ಎಂದು ಅವನನ್ನು ಕೇಳಲಿ, ನನ್ನನ್ನೂ ಕೇಳಲಿ. ನನಗೆ ಏನು ಉತ್ತರ ಬರುತ್ತದೋ ಗೊತ್ತಿಲ್ಲ. ಈಗಲೇ ಭಯವಾಗುತ್ತಿದೆ.

ಅಪ್ಪಾ, ಇಬ್ಬರಲ್ಲಿ ಒಬ್ಬನನ್ನಾದರೂ ಉಳಿಸಿಕೊಳ್ಳಬೇಕೆಂದು ನೀವು ಆ ಮೇಜಿನ ಮುಂದೆ ಸುಮ್ಮನಿದ್ದಿರಿ. ಆ ಒಬ್ಬನನ್ನೂ ನಿಮ್ಮ ಕೈಯಿಂದ ತೆಗೆಯುತ್ತಿದ್ದೇನೆಂದು ನನಗೆ ಗೊತ್ತು. ಇದಕ್ಕೆ ಕ್ಷಮೆ ಕೇಳುವುದು ಹೇಗೆಂದು ತಿಳಿಯದೆ ಈ ಸಾಲನ್ನು ನಾಲ್ಕು ಸಲ ಬರೆದು ಹೊಡೆದುಹಾಕಿದ್ದೇನೆ.

ಹಡಗು ಶನಿವಾರ ಹೊರಡುತ್ತದೆ. ಈ ಸಲ ಅಪ್ಪಣೆ ಕೇಳುತ್ತಿಲ್ಲ. ಉತ್ತರ ಬರೆಸಬೇಡಿ. ಬರೆಸಿದರೂ ಓದಲು ನಾನು ಇಲ್ಲಿರುವುದಿಲ್ಲ.

ನಿಮ್ಮ ಮಗ,
ಗೈಲ್ಸ್